ಅಳಿಸಿದ ಕೈ

“ಕಸ ಎಲ್ಲಿ ಹೋಯಿತು?”

ಖಾಲಿ ಥಿಯೇಟರಿನ ಕತ್ತಲಲ್ಲಿ ಗಡುವಮ್ಮ ತನ್ನನ್ನೇ ಕೇಳಿಕೊಂಡಳು. ತುಣುಕನ್ನು ಹಿಂದಕ್ಕೆ ಓಡಿಸಿ ಮತ್ತೆ ಮುಂದಕ್ಕೆ ಬಿಟ್ಟಳು. ತೆರೆಯ ಮೇಲೆ, ಹಸಿರು ಪರದೆಯ ಮುಂದೆ, ಸೊಂಟಕ್ಕೆ ಬೆಲ್ಟು ಬಿಗಿದ ಹುಡುಗಿ ನೆಲ ಬಿಟ್ಟು ಮೇಲೇರಿದಳು. ಕೈಗಳನ್ನು ಅಗಲಿಸಿದಳು. ಗಾಳಿಯೇ ಅವಳನ್ನು ಹೊತ್ತುಕೊಂಡಂತೆ ಒಂದು ಗಳಿಗೆ ತೇಲಿದಳು.

ಆಮೇಲಿನದನ್ನು ಗಡುವಮ್ಮ ನೋಡುತ್ತಿರಲಿಲ್ಲ. ಅಲ್ಲಿಗೆ ಬರುವಾಗ ಬೆರಳು ತಾನಾಗಿಯೇ ಚಿತ್ರವನ್ನು ನಿಲ್ಲಿಸುತ್ತಿತ್ತು. ಅವಳ ಕಣ್ಣೀಗ ಹುಡುಗಿಯ ಮೇಲಿರಲಿಲ್ಲ, ತೆರೆಯ ಎಡಗಡೆಯ ಮೇಲಿನ ಮೂಲೆಗೆ ನೆಟ್ಟಿತ್ತು.

ಆ ಸೆಟ್ಟಿನ ಕ್ಯಾಮೆರಾದೊಳಗೆ ಧೂಳು ಕೂತಿತ್ತು. ಆ ದಿನ ತೆಗೆದ ಪ್ರತಿಯೊಂದು ಶಾಟಿನಲ್ಲೂ ಎರಡು ಮಸುಕು ಚುಕ್ಕೆಗಳು ಇದ್ದಲ್ಲೇ ಇರುತ್ತಿದ್ದವು: ಒಂದು ಎಡಮೂಲೆಯಲ್ಲಿ, ಇನ್ನೊಂದು ಬಲಬದಿಯಲ್ಲಿ. ಪ್ರೇಕ್ಷಕನ ಕಣ್ಣಿಗೆ ಬೀಳದ ಇಂಥ ಕಸ ಅಳಿಸುವವರ ಕಣ್ಣಿಗೆ ಅನ್ನದಲ್ಲಿ ಸಿಕ್ಕ ಕಲ್ಲಿನಂತೆ ಚುಚ್ಚುತ್ತದೆ.

ಈ ಶಾಟಿನ ಆರಂಭದಲ್ಲಿ ಎರಡೂ ಚುಕ್ಕೆಗಳಿದ್ದವು. ಹುಡುಗಿ ಮೇಲೇರುತ್ತಿದ್ದಂತೆ ಎಡಮೂಲೆಯ ಚುಕ್ಕೆ ಮಾಯವಾಗಿತ್ತು. ಮತ್ತೆ ಬಂದಿರಲಿಲ್ಲ.

ಧೂಳಿಗೆ ರೆಕ್ಕೆಯಿಲ್ಲ. ಯಾರೋ ಈ ತುಣುಕಿನ ಮೇಲೆ ಕೈಯಾಡಿಸಿದ್ದರು.

ಬಾಗಿಲು ತೆರೆದು ಬೆಳಕಿನ ಪಟ್ಟಿಯೊಂದು ಒಳಗೆ ಬಿತ್ತು. ಅದರ ಹಿಂದೆಯೇ ಇನ್ಸ್‌ಪೆಕ್ಟರ್, ಕೈಯಲ್ಲಿ ಕಾಗದದ ಲೋಟ.

“ಮೇಡಂ, ನಿಮ್ಮ ಯಂತ್ರದ ಕಾಫಿ ಕುಡಿದವರಿಗೆ ನಮ್ಮ ಲಾಕಪ್ಪಿನ ಕಾಫಿ ಅಮೃತ. ಇನ್ನೂ ಎಷ್ಟು ಹೊತ್ತು?”

“ಸ್ವಲ್ಪ ತಾಳಿ ಸರ್.”

“ನಾನು ತಾಳ್ತೀನಿ. ಮೇಲಿನವರು ತಾಳಲ್ಲ.” ಅವನು ಕೊನೆಯ ಸಾಲಿನ ಕುರ್ಚಿಯ ತೋಳಿನ ಮೇಲೆ ಕೂತ. “ನನಗೆ ಬೇಕಾಗಿರೋದು ಒಂದೇ ಮಾತು. ಈ ಚಿತ್ರವನ್ನ ಕ್ಯಾಮೆರಾದಿಂದ ಇಳಿಸಿದ ಮೇಲೆ ಯಾರೂ ಮುಟ್ಟಿಲ್ಲ ಅಂತ ನೀವು ಹೇಳ್ಬೇಕು. ನಿಮ್ಮ ತಮ್ಮ ಎರಡು ರೋಪ್ ಹಾಕಿದ್ದೆ ಅಂತಾನೆ. ಇಲ್ಲಿ ಕಾಣೋದು ಒಂದೇ. ಒಂದೇ ರೋಪಿನ ಮೇಲೆ ಹುಡುಗೀನ ಏರಿಸಿದ್ದು, ಅದರ ಮೇಲಿನ ಕೊಂಡಿ ಬಿಚ್ಚಿಕೊಂಡಿದ್ದು. ನಿಮ್ಮ ಮಾತು ಸಿಕ್ಕಿದ ಕೂಡಲೇ ಅವನನ್ನ ಕರ್ಕೊಂಡು ಹೊರಡ್ತೀನಿ.”

“ಅಷ್ಟು ಜನ ನೆಲದ ಮೇಲಿದ್ರಲ್ಲ, ಯಾರೂ ಮೇಲೆ ನೋಡಲಿಲ್ವಂತಾ?”

“ಎಲ್ಲರನ್ನೂ ಕೇಳಿದೆ. ಕಣ್ಣೆದುರಿಗೆ ಹುಡುಗಿ ಹಾರ್ತಿದ್ದಾಗ ನಿಮ್ಮವರೆಲ್ಲ ಮಾನಿಟರ್ ನೋಡ್ತಾ ಇದ್ರಂತೆ! ಮದುವೆಗೆ ಹೋಗಿ ಆಲ್ಬಮ್ ನೋಡಿದ ಹಾಗೆ.” ಅವನು ಎದ್ದ. ಬಾಗಿಲ ಬಳಿ ತಿರುಗಿದ. “ಅಂದ ಹಾಗೆ, ಆ ಹುಡುಗಿಯ ತಾಯಿ ಒಂದು ವಿಚಿತ್ರ ಮಾತು ಹೇಳಿದ್ರು. ಬೀಳೋಕೆ ಮುಂಚಿನ ವಾರ ಮಗಳು ಅಂದಿದ್ದಳಂತೆ, ‘ಅಮ್ಮಾ, ನಾನು ಹಾರದೇ ಇರೋ ಸಿನಿಮಾದಲ್ಲಿ ನಾನು ಹಾರ್ತಿದೀನಿ’ ಅಂತ. ನಿಮಗೇನಾದರೂ ಅರ್ಥ ಆಗುತ್ತಾ?”

“ಇಲ್ಲ,” ಎಂದಳು ಗಡುವಮ್ಮ. ನಿಜಕ್ಕೂ ಆ ಹೊತ್ತಿನಲ್ಲಿ ಅವಳಿಗೆ ಅರ್ಥವಾಗಿರಲಿಲ್ಲ.

ಬಿದ್ದ ಹುಡುಗಿಯನ್ನು ಎಲ್ಲರೂ ಚಿಟ್ಟೆ ಎಂದೇ ಕರೆಯುತ್ತಿದ್ದರು. ನಾಯಕಿಯರ ಬದಲಿಗೆ ಜಿಗಿಯುವುದು, ಹಾರುವುದು, ಬೀಳುವುದು ಅವಳ ಕಸುಬು. ಈಗ ಅವಳು ಆಸ್ಪತ್ರೆಯಲ್ಲಿ ಕಣ್ಣು ತೆರೆಯದೆ ಮಲಗಿದ್ದಳು. ಅವಳಿಗೆ ರೋಪು ಕಟ್ಟಿದ ಗಡುವಮ್ಮನ ತಮ್ಮ ಕೆಳಗೆ ಅಕ್ಕನ ಕಾರಿನಲ್ಲಿ ಕೂತಿದ್ದ. ಮೇಲೆ ಬಂದು ಯಾರ ಮುಖ ನೋಡುವ ಧೈರ್ಯವೂ ಅವನಿಗಿರಲಿಲ್ಲ.

ಗಡುವಮ್ಮ ಎಂಬ ಹೆಸರು ಸ್ಟುಡಿಯೊದ ಹುಡುಗರು ಇಟ್ಟದ್ದು. ಒಂಬತ್ತು ತಿಂಗಳ ಕೂಸನ್ನು ಆರೇ ತಿಂಗಳಿಗೆ ಹೆರಿಸುವವಳು ಎಂದು ಅವಳ ಬೆನ್ನ ಹಿಂದೆ ನಗುತ್ತಿದ್ದರು. ನಿರ್ದೇಶಕರಿಗೆ ‘ಆಗದು’ ಎನ್ನುವುದು, ಕಲಾವಿದರಿಗೆ ‘ಆಗಲೇಬೇಕು’ ಎನ್ನುವುದು, ಇಬ್ಬರ ಸಿಟ್ಟನ್ನೂ ಒಂದೇ ಮುಖದಲ್ಲಿ ನುಂಗುವುದು: ದೃಶ್ಯ ಪರಿಣಾಮಗಳ, ಅಂದರೆ ವಿಎಫ್‌ಎಕ್ಸ್‌ನ, ನಿರ್ಮಾಪಕಿಯ ಉದ್ಯೋಗವೆಂದರೆ ಇಷ್ಟೇ ಎಂದು ಅವಳೇ ಹೇಳುತ್ತಿದ್ದಳು.

ಆದರೆ ಅವಳು ಈ ಲೋಕಕ್ಕೆ ಬಂದದ್ದು ರೋಪು ಅಳಿಸುವವಳಾಗಿ. ಹಾರುವ ನಟರ ಬೆನ್ನಿನ ರೋಪುಗಳನ್ನು ಒಂದೊಂದೇ ಚಿತ್ರದಿಂದ ಒರೆಸುತ್ತ ಮೂಲೆಯ ಕುರ್ಚಿಯಲ್ಲಿ ವರ್ಷಗಳನ್ನು ಕಳೆದವಳು. “ನನ್ನ ಮಗಳು ಸಿನಿಮಾದಲ್ಲಿ ಅಳಿಸೋ ಕೆಲಸ ಮಾಡ್ತಾಳೆ,” ಎಂದು ತಾಯಿ ಹೆಮ್ಮೆಯಿಂದ ಹೇಳಿದಾಗ ಪಕ್ಕದ ಮನೆಯಾಕೆ, “ಅಯ್ಯೋ, ಯಾವಾಗಲೂ ದುಃಖದ ಪಾರ್ಟೇ ಕೊಡ್ತಾರಾ?” ಎಂದು ಮರುಗಿದ್ದಳು.

ಆ ಕೆಲಸ ಕಲಿಸಿದವರು ಮೇಷ್ಟ್ರು. ಈಗಲೂ ಈ ಸ್ಟುಡಿಯೊದ ಹಿರಿಯ ಮೇಲ್ವಿಚಾರಕರು. ಸೆಟ್ಟಿನಲ್ಲಿ ನಿಂತು ಬೆಳಕಿನ ಲೆಕ್ಕ ಹಿಡಿಯುವವರು, ನಟರ ಮೈಯನ್ನು ಸ್ಕ್ಯಾನ್ ಮಾಡಿ ಅದರ ಅಚ್ಚನ್ನು ಕಂಪ್ಯೂಟರಿಗೆ ಇಳಿಸುವವರು, ಆ ಅಚ್ಚುಗಳನ್ನೂ ಕ್ಯಾಮೆರಾದ ಮೂಲ ಕಾರ್ಡುಗಳನ್ನೂ ತಮ್ಮ ಕಪಾಟಿನಲ್ಲಿಟ್ಟು ಬೀಗ ಹಾಕುವವರು. ಅವರ ಮೊದಲ ಪಾಠ ಅವಳಿಗೆ ಬಾಯಿಪಾಠವಾಗಿತ್ತು: “ಕೈ ಹೋದ ಕಡೆ ಕಸ ಇರಬಾರದು. ಮೊದಲು ಚುಕ್ಕೆ ತೆಗಿ, ಆಮೇಲೆ ಕೆಲಸ ಶುರು ಮಾಡು.”

ಇಂದಿನ ಹುಡುಗರು ಹಾಗೆ ಮಾಡುವುದಿಲ್ಲ. ಕೆಲಸವೆಲ್ಲ ಮುಗಿದ ಮೇಲೆ ಇಡೀ ತೆರೆಯ ಕಸವನ್ನು ಒಂದೇ ಏಟಿಗೆ ಗುಡಿಸುತ್ತಾರೆ. ಕೈಯಿಟ್ಟ ಜಾಗವನ್ನು ಮಾತ್ರ ಮೊದಲೇ ಸಾರಿಸಿಕೊಳ್ಳುವವರು ಸ್ಟುಡಿಯೊದಲ್ಲಿ ಇಬ್ಬರೇ. ಒಬ್ಬಳು ಗಡುವಮ್ಮ. ಅವಳು ಬ್ರಷ್ಷು ಹಿಡಿದು ಯಾವ ಕಾಲವಾಗಿತ್ತೋ.

ದೀಪದ ಬುಡದಲ್ಲೇ ಕತ್ತಲೆ. ಅವಳು ಎದ್ದಳು.

ಮೇಷ್ಟ್ರು ತಮ್ಮ ಕೋಣೆಯಲ್ಲಿ ಕನ್ನಡಿ ಗುಂಡನ್ನು ಒರೆಸುತ್ತಿದ್ದರು. ದೊಡ್ಡ ಹಣ್ಣಿನ ಗಾತ್ರದ, ಬೆಳ್ಳಗೆ ಹೊಳೆಯುವ ಲೋಹದ ಚೆಂಡು ಅದು. ಶಾಟಿಗೆ ಮುಂಚೆ ಸೆಟ್ಟಿನ ನಡುವೆ ಅದನ್ನು ಕೋಲಿನ ಮೇಲೆ ನಿಲ್ಲಿಸಿ ಫೋಟೋ ತೆಗೆಯುತ್ತಾರೆ. ಸುತ್ತಲಿನ ದೀಪ, ಗೋಡೆ, ಮಾಡು, ಜನ, ಎಲ್ಲವೂ ಆ ಗುಂಡಿನ ಮೈಮೇಲೆ ಬಗ್ಗಿ ಕಾಣುತ್ತವೆ. ಯಾವ ಬೆಳಕು ಎಲ್ಲಿಂದ ಬಂತು ಎಂಬುದನ್ನು ಅದರಿಂದಲೇ ಓದಬೇಕು.

“ಬಾ ಕೂಸೇ,” ಎಂದರು ತಲೆಯೆತ್ತದೆ. “ಮುಖ ಯಾಕೆ ಹಾಗಿದೆ? ಯಾವ ನಿರ್ದೇಶಕ ಆಕಾಶದ ಬಣ್ಣ ಬದಲಾಯಿಸು ಅಂದ?”

“ಮೇಷ್ಟ್ರೇ, ಚಿಟ್ಟೆಯ ಶಾಟಲ್ಲಿ ಒಂದು ಚುಕ್ಕೆ ಇಲ್ಲ.”

ಬಟ್ಟೆ ನಿಂತಿತು.

“ಯಾವ ಚುಕ್ಕೆ?”

“ಎಡಮೂಲೇದು. ಮೊದಲಿಗಿದೆ, ಆಮೇಲಿಲ್ಲ. ‘ಕೈ ಹೋದ ಕಡೆ ಕಸ ಇರಬಾರದು.’ ಈ ಪಾಠ ನನಗೆ ಹೇಳಿಕೊಟ್ಟವರು ಒಬ್ಬರೇ.”

“ಪಾಠ ಕಲಿತವರು ಬಹಳ ಜನ.”

“ಕಲಿತವರಿದಾರೆ, ಪಾಲಿಸೋರಿಲ್ಲ. ಯಾಕೆ ಮಾಡಿದ್ರಿ ಮೇಷ್ಟ್ರೇ? ನನ್ನ ತಮ್ಮ ಎರಡು ರೋಪ್ ಹಾಕಿದ್ದ. ಒಂದನ್ನ ನೀವು ಅಳಿಸಿದ್ರಿ. ಕೆಳಗೆ ಆ ಹುಡುಗ ಅನ್ನ ನೀರು ಬಿಟ್ಟು ಕೂತಿದಾನೆ. ನಿಮ್ಮ ತೊಡೆ ಮೇಲೆ ಆಡಿ ಬೆಳೆದವನು!”

ಮೇಷ್ಟ್ರು ಗುಂಡನ್ನು ಮೆತ್ತನೆಯ ಚೀಲದೊಳಗಿಟ್ಟರು. ದಾರ ಬಿಗಿದರು. ಎದ್ದು ಹೋಗಿ ಬಾಗಿಲು ಹಾಕಿದರು. ಆಮೇಲೆ ಬಹಳ ಮೆಲ್ಲಗೆ ಕೇಳಿದರು:

“ಅಳಿಸಿದ್ದು ರೋಪ್ ಅಂತ ಯಾರು ಹೇಳಿದ್ರು ನಿನಗೆ?”

ಗಡುವಮ್ಮ ಅವರತ್ತ ತಿರುಗಿದಳು.

“ಬಲಗಡೆ ಚುಕ್ಕೆ ಇದೆಯೋ ಇಲ್ವೋ?”

“ಇದೆ.”

“ರೋಪ್ ಹೋಗೋದು ಯಾವ ಕಡೆ?”

“...ಬಲಗಡೆ.”

“ಎಡಗಡೆ ಮೂಲೆಯಲ್ಲಿ ಏನಿದೆ?”

ಅವಳಿಗೆ ನೆನಪಾಯಿತು. ಎಡಮೂಲೆಯಲ್ಲಿದ್ದದ್ದು ಸೆಟ್ಟಿನ ಮಾಡಿಗೆ ಹೊಂದಿಕೊಂಡ ಕಬ್ಬಿಣದ ಅಟ್ಟಣಿಗೆ. ದೀಪಗಳನ್ನೂ ರೋಪಿನ ರಾಟೆಗಳನ್ನೂ ಅಲ್ಲಿಂದಲೇ ಬಿಗಿಯುತ್ತಾರೆ. ಸಿನಿಮಾದಲ್ಲಿ ಅಲ್ಲಿ ಆಕಾಶ ಬರಬೇಕಾಗಿದ್ದರಿಂದ ಆ ಮೂಲೆಯ ಕಡೆ ಯಾರೂ ತಲೆ ಹಾಕಿರಲಿಲ್ಲ. ಅವಳೂ ಹಾಕಿರಲಿಲ್ಲ. ಒಂದು ಚುಕ್ಕೆ ಹೋದದ್ದನ್ನು ಕಂಡವಳು ಇನ್ನೊಂದು ಯಾಕೆ ಉಳಿಯಿತೆಂದು ಕೇಳಿಕೊಂಡಿರಲಿಲ್ಲ.

“ನಾನು ಅಳಿಸಿದ್ದು ಒಬ್ಬ ಮನುಷ್ಯನನ್ನ,” ಎಂದರು ಮೇಷ್ಟ್ರು. “ಅಟ್ಟಣಿಗೆ ಮೇಲೆ ಬಗ್ಗಿ ಕೂತಿದ್ದ. ಎರಡನೇ ರೋಪನ್ನ ಶಾಟಿಗೆ ಮುಂಚೇನೇ ಬಿಚ್ಚಿ ಮೇಲಕ್ಕೆಳ್ಕೊಂಡಿರಬೇಕು. ಹುಡುಗಿ ಏರ್ತಿದ್ದ ಹಾಗೆ ಮೊದಲನೇದರ ಕೊಂಡಿಗೂ ಕೈ ಹಾಕಿದ.”

“ಯಾರು?”

“ಮುಖ ಕಾಣ್ಲಿಲ್ಲ. ಹಳದಿ ಹೆಲ್ಮೆಟ್ ಕಾಣಿಸ್ತು. ಹಿಂದುಗಡೆ ಕಪ್ಪು ಟೇಪಿನ ತೇಪೆ ಇರೋದು.”

ಆ ತೇಪೆಯನ್ನು ಹಚ್ಚಿದವಳು ಗಡುವಮ್ಮನೇ. ಹೊಸ ಹೆಲ್ಮೆಟ್ಟು ತೆಗೆದುಕೊಳ್ಳೋ ಎಂದರೆ ತಮ್ಮ, “ಇದು ಅದೃಷ್ಟದ್ದು ಕಣಕ್ಕ,” ಎಂದಿದ್ದ.

“ಸುಳ್ಳು. ಅವನು ನೆಲದ ಮೇಲಿದ್ದ. ರಾಟೆ ಹಿಡ್ಕೊಂಡಿದ್ದೆ ಅಂದ.”

“ಅಂದ. ನಾನೂ ಅದನ್ನೇ ನಂಬಬೇಕು ಅಂತಿದೀನಿ.” ಮೇಷ್ಟ್ರ ಸ್ವರದಲ್ಲಿ ತಂದೆಯ ದುಃಖವಿತ್ತು. “ನಾನು ಕೆಳಗೆ ಈ ಗುಂಡಿನ ಫೋಟೋ ತೆಗೀತಿದ್ದೆ. ತೆಗೆದು ತಲೆಯೆತ್ತಿದಾಗ ಹಳದಿ ಕಂಡಿತು. ಆಗ ಏನೂ ಅನ್ನಿಸ್ಲಿಲ್ಲ. ಮನೆಗೆ ಹೋಗಿ ಕಾರ್ಡ್ ಹಾಕಿ ನೋಡಿದಾಗ ಎದೆ ಒಡೀತು. ಯಾಕೆ ಅಳಿಸಿದೆ ಅಂತೀಯಾ? ನಿನಗೋಸ್ಕರ. ನಿಮ್ಮಮ್ಮನಿಗೋಸ್ಕರ.”

“ಅವನಿಗೆ ಚಿಟ್ಟೆ ಮೇಲೆ ಏನು ದ್ವೇಷ?”

“ದ್ವೇಷವೋ, ಪ್ರೀತಿಯೋ. ಈ ವಯಸ್ಸಲ್ಲಿ ಎರಡಕ್ಕೂ ಒಂದೇ ಬಾಗಿಲು.” ಅವರು ಅವಳ ತಲೆ ಸವರಿದರು. “ನೋಡು, ಒಂದೇ ರೋಪ್ ಹಾಕಿದ್ದ ಅಂತಾದ್ರೆ ಅದು ಅಜಾಗರೂಕತೆ. ಇವತ್ತಲ್ಲ ನಾಳೆ ಹೊರಗೆ ಬರ್ತಾನೆ. ಅಟ್ಟಣಿಗೆ ಮೇಲೆ ಅವನಿದ್ದ ಅಂತಾದ್ರೆ ಅದು ಕೊಲೆಯತ್ನ. ಹುಡುಗಿ ಉಳೀದೇ ಹೋದ್ರೆ ಕೊಲೆ. ಹೋಗಿ ಇನ್ಸ್‌ಪೆಕ್ಟರ್‌ಗೆ ಹೇಳು, ಯಾರೂ ಮುಟ್ಟಿಲ್ಲ ಅಂತ. ನೀನು ಅವನ ಜೊತೆ ಮಾತಾಡೋದರೊಳಗೆ ನಾನು ಹುಡುಗನನ್ನ ಹಿಂದಿನ ಗೇಟಿಂದ ನಮ್ಮ ಮನೆಗೆ ಕರ್ಕೊಂಡು ಹೋಗಿ ಒಂದು ತುತ್ತು ಊಟ ಮಾಡಿಸ್ತೀನಿ. ನಾನೇ ನಿಧಾನವಾಗಿ ಕೇಳ್ತೀನಿ. ಪೊಲೀಸ್ ಏಟಿಗೆ ಬರದ ಮಾತು ಅನ್ನಕ್ಕೆ ಬರುತ್ತೆ.”

ಅವರು ಹೋದ ಮೇಲೂ ಅವಳು ನಿಂತೇ ಇದ್ದಳು. ನುಂಗುವಂತಿಲ್ಲ, ಉಗುಳುವಂತಿಲ್ಲ. ನಿಜ ಹೇಳಿದರೆ ತಮ್ಮ ಕೊಲೆಗಾರ, ಸುಳ್ಳು ಹೇಳಿದರೆ ತಾನು ಕಳ್ಳಿ.

ಹಜಾರದ ತುದಿಯಲ್ಲಿ ಇನ್ಸ್‌ಪೆಕ್ಟರ್ ಕಾಣಿಸುತ್ತಿದ್ದ. ಗೋಡೆಗೆ ಅಂಟಿಸಿದ್ದ ರಾಕ್ಷಸನ ಚಿತ್ರವನ್ನು ತಲೆ ವಾಲಿಸಿ ನೋಡುತ್ತಿದ್ದ. ಅವಳು ಅವನತ್ತ ನಡೆದಳು. ‘ಯಾರೂ ಮುಟ್ಟಿಲ್ಲ.’ ಎರಡೇ ಪದ. ಬಾಯಲ್ಲಿ ಒಮ್ಮೆ ಆಡಿಕೊಂಡಳು.

ಬೆಳಕಿನ ವಿಭಾಗದ ಬಾಗಿಲ ಮುಂದೆ ಅವಳ ಕಾಲು ತಡೆಯಿತು.

ಅದು ದೈವಪ್ರೇರಣೆಯೇನಲ್ಲ, ವೃತ್ತಿಯ ರೋಗ. ಶಾಟು ಮುಗಿದಿದೆ ಎಂದು ಯಾರು ಪ್ರಮಾಣ ಮಾಡಿದರೂ ತನ್ನ ಕಣ್ಣಿನಿಂದ ನೋಡದೆ ಅವಳು ಯಾವತ್ತೂ ನಂಬಿದವಳಲ್ಲ. ಹಾಗೆ ನಂಬುವ ನಿರ್ಮಾಪಕಿ ಆ ಕುರ್ಚಿಯಲ್ಲಿ ಒಂದು ಹಬ್ಬದಿಂದ ಇನ್ನೊಂದು ಹಬ್ಬದವರೆಗೆ ಉಳಿಯುವುದಿಲ್ಲ. ಮೇಷ್ಟ್ರು ಗುಂಡಿನ ಫೋಟೋ ತೆಗೆದಿದ್ದರು. ತೆಗೆದೊಡನೆ ತಲೆಯೆತ್ತಿದಾಗ ಹಳದಿ ಹೆಲ್ಮೆಟ್ಟು ಕಂಡಿತ್ತು. ಅಂದಮೇಲೆ ಆ ಫೋಟೋದಲ್ಲೂ ಅದು ಇರಲೇಬೇಕು. ಆ ಫೋಟೋ ಮಾತ್ರ ಮೇಷ್ಟ್ರ ಕಪಾಟಿನದಲ್ಲ. ಸೆಟ್ಟಿನಿಂದ ಆಗಿಂದಾಗಲೇ ಸೀದಾ ಬೆಳಕಿನ ವಿಭಾಗಕ್ಕೆ ಬಂದು ಬೀಳುತ್ತದೆ.

ಊಟದ ಹೊತ್ತು, ಕೋಣೆ ಖಾಲಿ. ಅವಳು ಒಳಗೆ ಹೋಗಿ ಚಿಲಕ ಹಾಕಿಕೊಂಡು ಫೋಟೋವನ್ನು ತೆರೆದಳು.

ಗುಂಡಿನ ಮೇಲೆ ಇಡೀ ಸೆಟ್ಟು ಮೀನಿನ ಕಣ್ಣಿನೊಳಗೆ ಸಿಕ್ಕಂತೆ ಬಗ್ಗಿಕೊಂಡಿತ್ತು. ಮೇಲಂಚಿನಲ್ಲಿ ಬಿಲ್ಲಿನಂತೆ ಡೊಂಕಾದ ಅಟ್ಟಣಿಗೆ. ಅದರ ಮೇಲೆ ಹಳದಿಯ ಒಂದು ಬೊಟ್ಟು. ಮೇಷ್ಟ್ರು ಸುಳ್ಳು ಹೇಳಿರಲಿಲ್ಲ.

ಬಲಗಡೆಗೆ ಸರಿಸಿದಳು. ನೆಲದ ಮೇಲೆ ರಾಟೆಯ ಹಗ್ಗವನ್ನು ಎರಡೂ ಕೈಯಲ್ಲಿ ಹಿಡಿದು, ಕಾಲು ಅಗಲಿಸಿ ನಿಂತವನೊಬ್ಬನಿದ್ದ. ಉದ್ದುದ್ದ ಕೂದಲು. ಬೋಳು ನೆತ್ತಿ ಬರುವ ಮುಂಚೆ ಮೆರೆಯಬೇಕು ಎಂದು ಬೆಳೆಸಿಕೊಂಡ, ತಾಯಿಯ ಬೈಗುಳಕ್ಕೂ ಬಗ್ಗದ ಅದೇ ಕೂದಲು.

ಅವಳ ತಮ್ಮ. ಬರಿದಲೆಯಲ್ಲಿ, ನೆಲದ ಮೇಲೆ. ಅದೇ ಗಳಿಗೆಯಲ್ಲಿ ಹಳದಿ ಹೆಲ್ಮೆಟ್ಟು ಮೇಲೆ, ಇನ್ನೊಬ್ಬನ ತಲೆಯಲ್ಲಿ.

ಇದನ್ನು ಎತ್ತಿಕೊಂಡು ಇನ್ಸ್‌ಪೆಕ್ಟರನ ಬಳಿಗೆ ಓಡಿದರೆ ಸಾಕಿತ್ತು. ಆದರೆ ಮೇಷ್ಟ್ರ ಇನ್ನೊಂದು ಪಾಠ ಎಲ್ಲಿಂದಲೋ ಎದ್ದು ಬಂತು. ಹೊಸಬಳಾಗಿದ್ದಾಗ ಈ ಗುಂಡನ್ನು ಮೊದಲ ಸಲ ಕೈಗೆ ಕೊಟ್ಟು ಅವರು ನಕ್ಕಿದ್ದರು: “ಎಲ್ಲರನ್ನೂ ಅಡಗಿಸಬಹುದು ಕೂಸೇ, ಕ್ಯಾಮೆರಾ ಹಿಡಿದವನನ್ನ ಅಡಗಿಸೋಕಾಗಲ್ಲ. ಗುಂಡಿನ ನಟ್ಟನಡುವೆ ಅವನೇ ನಿಂತಿರ್ತಾನೆ.”

ಅವಳು ನಡುವನ್ನು ದೊಡ್ಡದು ಮಾಡಿದಳು.

ಅಲ್ಲಿ ಮೇಷ್ಟ್ರಿರಲಿಲ್ಲ.

ಅಲ್ಲಿದ್ದವಳು ಚಿಟ್ಟೆ. ಸೊಂಟಕ್ಕೆ ಬೆಲ್ಟು ಬಿಗಿದುಕೊಂಡು, ಕ್ಯಾಮೆರಾವನ್ನು ಕಣ್ಣಿಗಲ್ಲ, ಎದೆಗೆ ಹಿಡಿದು, ಗುಂಡಿನಲ್ಲಿ ಕಂಡ ತನ್ನ ಸೊಟ್ಟ ಮುಖಕ್ಕೆ ತಾನೇ ನಾಲಿಗೆ ಚಾಚಿ ಅಣಕಿಸುತ್ತಿದ್ದಳು. ‘ಇವತ್ತು ನೀನೇ ತೆಗಿ’ ಎಂದು ಯಾರೋ ಅವಳ ಕೈಗೆ ಕ್ಯಾಮೆರಾ ಕೊಟ್ಟು ಹೋಗಿದ್ದರು. ಅವಳ ಸೊಂಟದ ಎರಡೂ ಬದಿಗಳಿಂದ ಎರಡು ತೆಳು ಗೆರೆಗಳು ಮೇಲೆದ್ದು ಅಟ್ಟಣಿಗೆಯವರೆಗೆ ಹೋಗಿದ್ದವು.

ಎರಡು ರೋಪು. ತಮ್ಮ ಹೇಳಿದಂತೆಯೇ.

‘ನಾನು ಕೆಳಗೆ ಈ ಗುಂಡಿನ ಫೋಟೋ ತೆಗೀತಿದ್ದೆ.’

ಅವಳು ಅಂಚಿನಿಂದ ಅಂಚಿಗೆ ಹುಡುಕಿದಳು. ಸೆಟ್ಟಿನ ಅಷ್ಟೂ ಜನ ಆ ಗುಂಡಿನಲ್ಲಿದ್ದರು. ಮಾನಿಟರಿನ ಮುಂದೆ ಗುಂಪುಗೂಡಿದ ತಲೆಗಳು, ದೀಪದವರು, ಮೇಕಪ್ಪಿನವಳು. ಮೇಷ್ಟ್ರು ಮಾತ್ರ ನೆಲದ ಮೇಲೆ ಎಲ್ಲೂ ಇರಲಿಲ್ಲ.

ಆಗ ಚಿಟ್ಟೆಯ ತಾಯಿಯ ಮಾತು ತಣ್ಣಗಿನ ನೀರಿನಂತೆ ಅವಳ ಬೆನ್ನಿಗೆ ಸುರಿಯಿತು. ನಾನು ಹಾರದೇ ಇರೋ ಸಿನಿಮಾದಲ್ಲಿ ನಾನು ಹಾರ್ತಿದೀನಿ. ಚಿಟ್ಟೆಯ ಮೈಯ ಅಚ್ಚು ಕಂಪ್ಯೂಟರಿನಲ್ಲಿತ್ತು. ಅದು ಕೈಯಲ್ಲಿದ್ದರೆ ಚಿಟ್ಟೆಯನ್ನು ಕೇಳದೆಯೇ ಯಾವ ಸಿನಿಮಾದಲ್ಲಿ ಬೇಕಾದರೂ ಚಿಟ್ಟೆಯನ್ನು ಹಾರಿಸಬಹುದು. ಆ ಅಚ್ಚು ಯಾರ ಬೀಗದೊಳಗಿತ್ತು? ಅದನ್ನು ಕದ್ದು ಮಾರಿದವರ ಗುಟ್ಟು ಚಿಟ್ಟೆಗೆ ತಿಳಿದುಬಿಟ್ಟಿತ್ತು.

ಬಾಗಿಲ ಮೇಲೆ ಬೆರಳಿನ ಸದ್ದು. “ಮೇಡಂ, ಒಳಗಿದೀರಾ?”

“ಒಂದು ನಿಮಿಷ ಸರ್!”

ಅವಳು ಕಿಟಕಿಗೆ ಓಡಿದಳು. ಕೆಳಗೆ ತನ್ನ ಕಾರು ಖಾಲಿಯಿತ್ತು. ಎಡಬದಿಯ ಬಾಗಿಲು ಅರೆತೆರೆದಿತ್ತು. ತಮ್ಮನಿಗೆ ಫೋನು ಹಚ್ಚಿದಳು.

“ಹೇಳಕ್ಕ.” ಹಿನ್ನೆಲೆಯಲ್ಲಿ ಕಾರು ಓಡುವ ಸದ್ದು. “ಮೇಷ್ಟ್ರ ಜೊತೆ ಹೊರಟಿದೀನಿ. ನೀನೇ ಕಳಿಸು ಅಂದ್ಯಂತೆ.”

“ಕೇಳಿಲ್ಲಿ. ಆವತ್ತು ನಿನ್ನ ಹೆಲ್ಮೆಟ್ ಎಲ್ಲಿತ್ತು?”

ಕೇಳಿದ ಮರುಗಳಿಗೆಯೇ ತಪ್ಪು ತಿಳಿಯಿತು. ಬಿಟ್ಟ ಬಾಣ, ಆಡಿದ ಮಾತು.

“ಹೆಲ್ಮೆಟ್ಟಾ?” ತಮ್ಮ ಎಂದಿನ ಎತ್ತರದ ದನಿಯಲ್ಲಿ, ಯಾವ ಕಪಟವೂ ಇಲ್ಲದೆ ಹೇಳಿದ. “ಮೇಷ್ಟ್ರು ಇಸ್ಕೊಂಡಿದ್ರಲ್ಲ. ಮೇಲೆ ಏನೋ ಗುರುತು ಹಾಕ್ಬೇಕು ಅಂತ. ಅಲ್ವಾ ಮೇಷ್ಟ್ರೇ?”

ಕಾರಿನ ಸದ್ದಷ್ಟೇ ಕೇಳುತ್ತಿತ್ತು. ಅದು ಜೋರಾಗುತ್ತಿತ್ತು. ಆಮೇಲೆ ಫೋನು ಕೈ ಬದಲಾಯಿಸಿದ ಸರಸರ.

“ನಡುವೆ ಯಾರಿದಾರೆ ಅಂತ ನೋಡ್ಬಿಟ್ಟೆಯಾ, ಕೂಸೇ?”

ಅದೇ ಸ್ವರ. ಪಾಠ ಹೇಳುವಾಗಿನ ಅದೇ ತಾಳ್ಮೆ.

“ಮೇಷ್ಟ್ರೇ, ಅವನನ್ನ—”

“ಅವನಿಗೇನಾಗಿಲ್ಲ. ನನ್ನ ಪಕ್ಕದಲ್ಲೇ ಆರಾಮಾಗಿ ಕೂತಿದಾನೆ. ಬೆಲ್ಟ್ ಹಾಕ್ಕೊಳ್ಳೋ ಅಂದೆ. ಹಾಕ್ಕೊಂಡಿಲ್ಲ.”

ಬಾಗಿಲು ಮತ್ತೆ ಸದ್ದಾಯಿತು, ಈ ಸಲ ಜೋರಾಗಿ. “ಮೇಡಂ, ಸಾಕು. ಈಗ ಹೇಳಿಬಿಡಿ. ಆ ಚಿತ್ರವನ್ನ ಯಾರಾದ್ರೂ ಮುಟ್ಟಿದಾರಾ, ಇಲ್ವಾ?”

“ಕೇಳಿಸ್ತು,” ಎಂದಿತು ಫೋನಿನೊಳಗಿನ ದನಿ. “ಬಾಗಿಲು ತೆಗಿ, ಕೂಸೇ. ಫೋನ್ ಇಡಬೇಡ. ನೀನೇನು ಹೇಳ್ತೀಯಾ ಅಂತ ನಾನೂ ಕೇಳ್ಬೇಕು.”

ಪರದೆಯ ಮೇಲೆ ಚಿಟ್ಟೆ ಇನ್ನೂ ನಾಲಿಗೆ ಚಾಚಿಕೊಂಡೇ ಇದ್ದಳು. ಗಡುವಮ್ಮ ಫೋನನ್ನು ಕಿವಿಗೊತ್ತಿಕೊಂಡೇ ಚಿಲಕಕ್ಕೆ ಕೈಯಿಟ್ಟಳು, ಮತ್ತು ಬಾಗಿಲು ತೆರೆದಳು.